ಹರಳಿನಲ್ಲಿ ಕಟ್ಟಿಟ್ಟ ಕಾವು ಎಲ್ಲಿಂದ ಸೋರಬೇಕು?

ಪ್ರಶ್ನೆ: ನಾನು ಸಾಗರ ತಾಲ್ಲೂಕಿನವನು. ಕನ್ನಡದಲ್ಲಿ ಒಂದು ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದೇನೆ. ಅದರ ಲೋಕದಲ್ಲಿ ಸಿಡಿಲು, ಜಲಪಾತ, ಕಾಡ್ಗಿಚ್ಚುಗಳಿಂದ ‘ಕಾವು’ ಎಂಬ ಶಕ್ತಿಯನ್ನು ಸೆಳೆದು ಹರಳುಗಳಲ್ಲಿ ಕಟ್ಟಿಡುವ ಮಾಂತ್ರಿಕರಿದ್ದಾರೆ. ಅವರನ್ನು ‘ಬಂಧಕರು’ ಎಂದು ಕರೆದಿದ್ದೇನೆ. ಬೇಕಾದಾಗ ಹರಳನ್ನು ಒಡೆದರೆ ಕಾವು ಹೊರಬಂದು ಹೇಳಿದ ಕೆಲಸ ಮಾಡುತ್ತದೆ. ಹಸ್ತಪ್ರತಿ ಓದಿದ ಗೆಳೆಯರು, ‘ಚೀಲದ ತುಂಬ ಹರಳಿರುವ ನಾಯಕ ಯಾರಿಗೆ ಹೆದರಬೇಕು?’ ಎಂದು ಕೇಳಿದರು. ಅದಕ್ಕಾಗಿ ‘ದಿನಕ್ಕೆ ಮೂರೇ ಹರಳು ಒಡೆಯಬಹುದು’ ಎಂಬ ನಿಯಮ ಸೇರಿಸಿದೆ. ಅದು ಅಂಟಿಸಿದಂತೆ ಕಾಣುತ್ತಿದೆ. ಇಂಥ ವ್ಯವಸ್ಥೆಯನ್ನು ನಂಬುವಂತೆ ಕಟ್ಟುವುದು ಹೇಗೆ? ನಿಯಮಗಳನ್ನು ಓದುಗರಿಗೆ ಎಷ್ಟು ಹೇಳಬೇಕು? ಕೊನೆಯಲ್ಲಿ ಪದಕೋಶ ಬೇಕೇ?

ಉತ್ತರ: ದಿನಕ್ಕೆ ಮೂರು ಎಂದು ಹೇಳುತ್ತಿರುವುದು ನೀವು. ಹರಳಿಗೆ ಆ ನಿಯಮದ ಸುದ್ದಿಯೇ ಗೊತ್ತಿಲ್ಲ. ನಾಲ್ಕನೆಯದನ್ನು ಕಲ್ಲಿನಿಂದ ಜಜ್ಜಿದರೆ ಏನಾಗುತ್ತದೆ ಎಂದು ಒಬ್ಬ ತರಲೆ ಹುಡುಗ ಕೇಳಿದರೆ ನಿಮ್ಮ ಬಳಿ ಉತ್ತರವಿರುವುದಿಲ್ಲ. ಕಾವನ್ನು ಹಿಡಿದಿಟ್ಟಿರುವ ರೀತಿಯಿಂದಲೇ ಅದರ ಮಿತಿಯೂ ಹುಟ್ಟಬೇಕು. ಹಾಗೆ ಹುಟ್ಟಿದ ಮಿತಿಯನ್ನು ಯಾರೂ ಪ್ರಶ್ನಿಸುವುದಿಲ್ಲ. ವಿದ್ಯುತ್ ಕೇಂದ್ರಗಳಲ್ಲಿ ಕೆಲಸ ಮಾಡಿಕೊಂಡೇ ಕಥೆ ಬರೆದವನು ನಾನು. ಆದ್ದರಿಂದ ನನ್ನ ಉದಾಹರಣೆಗಳು ಆ ಕಡೆಗೆ ವಾಲಿದರೆ ಸಹಿಸಿಕೊಳ್ಳಿ.

ಮೊದಲು ಇತ್ಯರ್ಥವಾಗಬೇಕಾದದ್ದು, ಕಾವು ಹರಳಿನೊಳಗೆ ಎಲ್ಲಿದೆ ಎಂಬುದು. ಇದು ಕೂದಲು ಸೀಳುವ ಮಾತೆನಿಸಬಹುದು, ಆದರೆ ವಿಜ್ಞಾನದ ಚರಿತ್ರೆಯಲ್ಲಿ ಇದೇ ಪ್ರಶ್ನೆ ನಿಜವಾಗಿಯೂ ಎದ್ದಿತ್ತು. 1745-46ರ ಸುಮಾರಿಗೆ ಪೊಮೆರೇನಿಯಾದ ಕ್ಲೈಸ್ಟ್ ಮತ್ತು ಹಾಲೆಂಡಿನ ಲೈಡನ್ ನಗರದ ಮುಸ್ಖೆನ್‌ಬ್ರೂಕ್, ಒಬ್ಬರ ಕೆಲಸ ಇನ್ನೊಬ್ಬರಿಗೆ ಗೊತ್ತಿಲ್ಲದೆ, ವಿದ್ಯುತ್ತನ್ನು ಸೀಸೆಯಲ್ಲಿ ಕೂಡಿಡುವ ದಾರಿ ಕಂಡುಕೊಂಡರು. ಗಾಜಿನ ಸೀಸೆ, ಒಳಗೆ ನೀರು, ನೀರಿಗೆ ಇಳಿಬಿಟ್ಟ ತಂತಿ, ಹೊರಗಡೆ ಸೀಸೆಯನ್ನು ಹಿಡಿದ ಅಂಗೈ. ಇನ್ನೊಂದು ಕೈ ತಂತಿಗೆ ತಗುಲಿದ್ದೇ ತಡ, ಮೈಯೆಲ್ಲ ಜಾಡಿಸಿ ಒಗೆದಂತಾಗುತ್ತಿತ್ತು. 1746ರಲ್ಲಿ ಫ್ರಾನ್ಸಿನ ಪಾದ್ರಿ ನೊಲೆ, ದೊರೆ ಹದಿನೈದನೇ ಲೂಯಿಯ ಎದುರು 180 ಕಾವಲು ಸೈನಿಕರನ್ನು ಕೈ ಕೈ ಹಿಡಿಸಿ ನಿಲ್ಲಿಸಿ, ಸೀಸೆಯಲ್ಲಿ ಕೂಡಿಟ್ಟಿದ್ದನ್ನು ಅವರ ಮೂಲಕ ಹರಿಸಿ ಎಲ್ಲರನ್ನೂ ಒಂದೇ ಸಲಕ್ಕೆ ಎಗರಿಸಿದ. ನೋಡಿದವರಿಗೆ ಅದು ನಿಮ್ಮ ಹರಳಿಗಿಂತ ಕಡಿಮೆ ಮಾಯೆಯಾಗಿ ಕಂಡಿರಲಾರದು. ಆಮೇಲೆ ಅಮೆರಿಕದ ಬೆಂಜಮಿನ್ ಫ್ರಾಂಕ್ಲಿನ್ ಒಂದು ಸರಳ ಪ್ರಯೋಗ ಮಾಡಿದ. ವಿದ್ಯುತ್ ತುಂಬಿದ ಸೀಸೆಯ ನೀರನ್ನು ಇನ್ನೊಂದು ಸೀಸೆಗೆ ಬಗ್ಗಿಸಿದ. ಆ ನೀರಿನಿಂದ ಏನೂ ಬರಲಿಲ್ಲ. ಹಳೆಯ ಸೀಸೆಗೆ ಹೊಸ ನೀರು ಹಾಕಿದ, ಅದು ಹೊಡೆಯಿತು. ಶಕ್ತಿ ನೀರಿನಲ್ಲಿಲ್ಲ, ಒಳಗು ಹೊರಗುಗಳ ನಡುವೆ ನಿಂತ ಗಾಜಿನಲ್ಲಿದೆ ಎಂಬ ತೀರ್ಮಾನಕ್ಕೆ ಬಂದ.

ನಿಮ್ಮ ಹರಳಿಗೂ ಇದೇ ತೀರ್ಮಾನವನ್ನು ಅನ್ವಯಿಸಿ ಎಂಬುದು ನನ್ನ ಸಲಹೆ. ಕಾವು ಹರಳಿನಲ್ಲಿ ಇರುವುದು ಬೇಡ, ಅದನ್ನು ಬಿಗಿದ ಕಟ್ಟಿನಲ್ಲಿರಲಿ. ಹೊಳೆಯ ದಂಡೆಯಲ್ಲಿ ಸಿಗುವ ಯಾವ ಬೆಣಚುಕಲ್ಲಾದರೂ ಆದೀತು. ಬೆಲೆಯಿರುವುದು ಬಂಧಕನ ಬೆರಳಿಗೆ. ಅವನು ನಾರಿನ ಹುರಿಯನ್ನು ಕಲ್ಲಿಗೆ ಸುತ್ತಿ ಗಂಟು ಹಾಕುತ್ತಾನೆ, ಆ ಗಂಟಿನ ಬಿಗಿತವೇ ಕಾವು. ಇಷ್ಟು ಒಪ್ಪಿಕೊಂಡ ಕೂಡಲೇ ನೀವು ಬರೆಯದ ನಿಯಮಗಳು ತಾವಾಗಿ ಎದ್ದು ಬರುತ್ತವೆ. ಹರಳನ್ನು ಯಾರು ಬೇಕಾದರೂ ಒಡೆಯಬಹುದು, ಗಂಟನ್ನು ಬಿಚ್ಚಲು ಮಾತ್ರ ಕಲಿತಿರಬೇಕು. ಒಡೆದರೆ ಎಲ್ಲವೂ ಒಮ್ಮೆಲೇ, ಎಲ್ಲ ದಿಕ್ಕಿಗೂ, ಒಡೆದವನ ಮುಖಕ್ಕೂ. ಬಿಚ್ಚಿದರೆ ಎಳೆ ಎಳೆಯಾಗಿ, ಬೇಕಾದ ಕಡೆಗೆ.

ಈ ವ್ಯತ್ಯಾಸ ಎಷ್ಟು ದೊಡ್ಡದು ಎಂಬುದಕ್ಕೆ ಲೆಕ್ಕ ಹಾಕಿ ನೋಡಿ. ನಿಮ್ಮ ಮನೆಯ ಮೀಟರಿನ ಒಂದು ಯೂನಿಟ್ ಎಂದರೆ, ಶಕ್ತಿಯನ್ನು ಅಳೆಯುವ ಜೌಲ್ ಲೆಕ್ಕದಲ್ಲಿ, 36 ಲಕ್ಷ ಜೌಲ್. ಅದನ್ನು ಒಂದು ಗಂಟೆ ಹರಿಸಿದರೆ ಸಾವಿರ ವಾಟ್‌ನ ಇಸ್ತ್ರಿಪೆಟ್ಟಿಗೆಯಲ್ಲಿ ಒಂದಷ್ಟು ಅಂಗಿಗಳ ಸುಕ್ಕು ಹೋಗುತ್ತದೆ. ಅದೇ ಯೂನಿಟ್ ಒಂದೇ ಸೆಕೆಂಡಿನಲ್ಲಿ ಹೊರಬಂದರೆ 36 ಲಕ್ಷ ವಾಟ್. ಅಂಗಿಯೂ ಉಳಿಯದು, ತೊಡುವವನೂ ಉಳಿಯನು. ಕೂಡಿಟ್ಟದ್ದು ಎಷ್ಟು ಎಂಬುದಕ್ಕಿಂತ ಅದು ಹೊರಬರುವ ವೇಗವೇ ನಿಮ್ಮ ಕಥೆಯಲ್ಲಿ ಹೆಚ್ಚು ಕೆಲಸ ಮಾಡುತ್ತದೆ. ಪಳಗಿದ ಬಂಧಕಿಯೊಬ್ಬಳು ಒಂದೇ ಹರಳಿನಿಂದ ಒಂದು ಚಳಿಗಾಲವಿಡೀ ಬಾಣಂತಿ ಕೋಣೆಯನ್ನು ಬೆಚ್ಚಗಿಡಬಲ್ಲಳು. ಅದೇ ಹರಳನ್ನು ನಿಮ್ಮ ಅವಸರದ ನಾಯಕ ಒಡೆದು ಒಂದು ಬಾಗಿಲು ಹಾರಿಸುತ್ತಾನೆ, ಜೊತೆಗೆ ತನ್ನ ಹುಬ್ಬನ್ನೂ ಸುಟ್ಟುಕೊಳ್ಳುತ್ತಾನೆ. ಇಬ್ಬರ ನಡುವಿನ ಅಂತರವನ್ನು ತೋರಿಸಲು ಒಂದು ಪುಟ ಸಾಕು.

ಇನ್ನು ಸೋರಿಕೆ. ಕೂಡಿಟ್ಟ ಯಾವ ಶಕ್ತಿಯೂ ಇಟ್ಟಷ್ಟೇ ಉಳಿಯುವುದಿಲ್ಲ. ಮನೆಯ ಇನ್ವರ್ಟರ್ ಬ್ಯಾಟರಿಯನ್ನು ಬಳಸದೆ ಮೂಲೆಗೆ ಹಾಕಿದರೂ ಅದು ತಾನಾಗಿ ಇಳಿಯುತ್ತದೆ. ಖಾಲಿಯಾಗಿ ಬಹುಕಾಲ ಬಿಟ್ಟರೆ ಒಳಗಿನ ಸೀಸದ ತಗಡುಗಳ ಮೇಲೆ ಸಲ್ಫೇಟು ಗಟ್ಟಿಯಾಗಿ ಕೂತು, ಆಮೇಲೆ ತುಂಬಿಸಿದರೂ ಮೊದಲಿನಷ್ಟು ಹಿಡಿಯುವುದಿಲ್ಲ. ನಿಮ್ಮ ಗಂಟೂ ಸಡಿಲವಾಗಲಿ. ಹಾಗೆ ಸಡಿಲವಾಗುವುದಕ್ಕೆ ಮಲೆನಾಡಿನವರಾದ ನಿಮ್ಮ ಕೈಯಲ್ಲೇ ಕಾರಣವಿದೆ. ನಾರಿನ ಹುರಿ ನೆನೆದರೆ ಉಬ್ಬಿ ಗಂಟು ಬಿಗಿದುಕೊಳ್ಳುತ್ತದೆ, ಒಣಗಿದರೆ ಸಡಿಲುತ್ತದೆ. ಬಾವಿಹಗ್ಗದ ಗಂಟನ್ನು ಬಿಚ್ಚಲು ಹೆಣಗಿದವರಿಗೆಲ್ಲ ಇದು ಗೊತ್ತು. ಹಾಗಾದರೆ ಬೇಸಗೆಯಲ್ಲಿ ಬಂಧಕರ ಕಾವು ಸೋರುತ್ತದೆ, ದಿನವೂ ಸಂಜೆ ಕೂತು ಪ್ರತಿಯೊಂದು ಗಂಟನ್ನೂ ಬಿಗಿಯಬೇಕು. ಮಳೆಗಾಲದಲ್ಲಿ ಗಂಟು ಕಚ್ಚಿಕೊಂಡು ಬಿಚ್ಚಲು ಬಾರದು, ಒಡೆಯುವುದೊಂದೇ ದಾರಿ. ಆಷಾಢದಲ್ಲಿ ಯುದ್ಧ ಹೂಡುವ ರಾಜ ಎಷ್ಟು ದುಷ್ಟನೋ ಅಷ್ಟೇ ದಡ್ಡ ಎಂಬುದು ಆ ಲೋಕದ ಮಕ್ಕಳಿಗೂ ತಿಳಿದಿರುತ್ತದೆ.

ನಿಮ್ಮ ಗೆಳೆಯರ ಪ್ರಶ್ನೆಗೆ ಉತ್ತರ ಇಲ್ಲಿದೆ. ಚೀಲದ ತುಂಬ ಹರಳು ಎಂದರೆ ತೊಟ್ಟಿಲಿನ ತುಂಬ ಕೂಸುಗಳು. ಪ್ರತಿಯೊಂದಕ್ಕೂ ಹೊತ್ತುಹೊತ್ತಿಗೆ ಆರೈಕೆ ಬೇಕು, ಒಂದು ಅಳತೊಡಗಿದರೆ ಉಳಿದವೂ ಏಳುತ್ತವೆ. ಒಬ್ಬ ಬಂಧಕ ಎಷ್ಟನ್ನು ನೋಡಿಕೊಳ್ಳಬಲ್ಲನೋ ಅಷ್ಟನ್ನೇ ಹೊತ್ತು ನಡೆಯಬಲ್ಲ. ಕುದುರೆ ಮೇಲೆ ಮೂರು ದಿನ ನಿದ್ದೆಯಿಲ್ಲದೆ ಓಡಿದವನ ಚೀಲ ಅರ್ಧ ಖಾಲಿ.

ಸೋರಿದ್ದು ಎಲ್ಲಿಗೆ ಹೋಗುತ್ತದೆ? ನನ್ನ ಮಟ್ಟಿಗೆ ಇಡೀ ವ್ಯವಸ್ಥೆಯಲ್ಲಿ ಅತಿ ರುಚಿಯಾದ ಭಾಗ ಇದು, ನೀವು ಮುಟ್ಟದೇ ಬಿಟ್ಟ ಭಾಗವೂ ಇದೇ. ಹರಳುಗಳನ್ನು ಇಟ್ಟ ಮನೆಯಲ್ಲಿ ಹಾಲು ಬೇಗ ಹುಳಿಯಾಗಲಿ. ಅಂಗಳದ ದಾಸವಾಳ ಅಕಾಲದಲ್ಲಿ ಮೊಗ್ಗು ಬಿಡಲಿ. ಕೋಳಿಗಳು ಮೊಟ್ಟೆ ಬಿಟ್ಟು ಹರಳಿನ ಮೇಲೆ ಕಾವಿಗೆ ಕೂರಲಿ. ಕಳ್ಳನಿಗೆ ಮಂತ್ರದ ದುರ್ಬೀನು ಬೇಡ, ಯಾವ ಮನೆಯ ಹೇಂಟೆ ಎಲ್ಲಿ ಕೂತಿದೆ ಎಂದು ನೋಡಿದರೆ ಸಾಕು. ರಾಜನ ತೆರಿಗೆ ಅಧಿಕಾರಿಯೂ ಅದನ್ನೇ ನೋಡುತ್ತಾನೆ.

ಕಾವು ಎಲ್ಲಿಂದ ಬರುತ್ತದೆ ಎಂಬುದಕ್ಕೆ ನೀವು ಸಿಡಿಲು, ಜಲಪಾತ, ಕಾಡ್ಗಿಚ್ಚು ಎಂದು ಮೂರನ್ನು ಹೇಳಿದ್ದೀರಿ. ಸಿಡಿಲನ್ನು ಕೈಬಿಡಿ. ಅದು ನೋಡಲು ಭರ್ಜರಿ, ಆದರೆ ಒಂದು ಸಿಡಿಲಿನ ಶಕ್ತಿಯನ್ನು ಸಾಮಾನ್ಯವಾಗಿ ನೂರು ಕೋಟಿ ಜೌಲ್‌ನ ಆಸುಪಾಸಿನಲ್ಲಿ ಅಂದಾಜಿಸುತ್ತಾರೆ. ಭಾಗಿಸಿದರೆ ಸುಮಾರು 280 ಯೂನಿಟ್, ಒಂದು ಸಣ್ಣ ಕುಟುಂಬದ ಕೆಲವು ತಿಂಗಳ ಕರೆಂಟ್ ಬಿಲ್ಲು. ಅದರಲ್ಲೂ ಬಹುಪಾಲು ಬೆಳಕು, ಸದ್ದು, ಬಿಸಿಗಳಾಗಿ ದಾರಿಯಲ್ಲೇ ಕಳೆದುಹೋಗುತ್ತದೆ. ಬಂಧಕ ಗುಡ್ಡದ ತುದಿಯಲ್ಲಿ ತೋಳು ಚಾಚಿ ನಿಲ್ಲುವ ಆ ದೃಶ್ಯವನ್ನು ನೂರು ಕಡೆ ನೋಡಿಯಾಗಿದೆ. ಕಾಡ್ಗಿಚ್ಚು ಇರಲಿ, ಅದರ ಬಗ್ಗೆ ನನಗೆ ಹೆಚ್ಚು ಹೇಳುವುದೇನೂ ಇಲ್ಲ. ಜಲಪಾತವನ್ನು ಮಾತ್ರ ಬಿಡಬೇಡಿ.

ಜೋಗ ನಿಮ್ಮ ತಾಲ್ಲೂಕಿನಲ್ಲೇ ಇದೆ, 253 ಮೀಟರ್. ಒಂದು ಲೀಟರ್ ನೀರು ಅಲ್ಲಿಂದ ಬಿದ್ದರೆ ಸಿಗುವುದು ಸುಮಾರು 2,480 ಜೌಲ್. ಒಂದು ಯೂನಿಟ್ ಆಗಬೇಕಾದರೆ ಸುಮಾರು 1,450 ಲೀಟರ್ ಬೀಳಬೇಕು. ಯಾರೂ ಆ ಶಕ್ತಿಯನ್ನು ತೆಗೆದುಕೊಳ್ಳದಿದ್ದರೆ ಅದು ಸದ್ದಾಗಿ, ತುಂತುರಾಗಿ, ಕೊನೆಗೆ ಬಿಸಿಯಾಗಿ ಮುಗಿಯುತ್ತದೆ. ಅಷ್ಟೂ ಬಿಸಿಯಾಯಿತು ಎಂದುಕೊಂಡರೆ ಕೆಳಗಿನ ಗುಂಡಿಯ ನೀರು ಮೇಲಿನದಕ್ಕಿಂತ ಸುಮಾರು 0.6 ಡಿಗ್ರಿ ಬೆಚ್ಚಗಿರಬೇಕು. ಈಗ ಬಂಧಕರು ಬಂದು ಆ ಬೀಳುವಿಕೆಯ ಕಾವನ್ನು ಸೆಳೆದರು ಎನ್ನಿ. ನೀರು ನಿಲ್ಲುವುದಿಲ್ಲ, ಬೀಳುತ್ತಲೇ ಇರುತ್ತದೆ, ಆದರೆ ಕಸುವಿಲ್ಲದೆ, ಮೆಲ್ಲಗೆ, ಸದ್ದಿಲ್ಲದೆ. ಭೋರ್ಗರೆತ ಕೇಳಿಸಿಕೊಂಡೇ ನಿದ್ದೆ ಮಾಡಿ ರೂಢಿಯಾದ ಊರಿನವರು ನಡುರಾತ್ರಿ ಎದ್ದು ಕೂರುತ್ತಾರೆ. ತುಂತುರು ಇಲ್ಲವಾಗಿ ಕಣಿವೆಯ ಬಂಡೆಗಳ ಪಾಚಿ, ಜರಿಗಿಡಗಳು ವಾರದಲ್ಲಿ ಒಣಗುತ್ತವೆ. ಕೆಳಗಿನ ಊರಿನ ನೀರುಗಾಲಿ ತಿರುಗುವುದಿಲ್ಲ. ಅಲ್ಲಿಯ ಜನಕ್ಕೆ ಬಂಧಕರೆಂದರೆ ಆಗುವುದಿಲ್ಲ, ಯಾಕೆಂದು ನೀವು ಪ್ರತ್ಯೇಕವಾಗಿ ಹೇಳಬೇಕಿಲ್ಲ.

ನಿಮ್ಮ ಕಾದಂಬರಿಯಲ್ಲಿ ಕಾವು ಕಟ್ಟುವುದರಿಂದ ಯಾರಿಗೂ ಏನೂ ನಷ್ಟವಾಗುವುದಿಲ್ಲ. ಶರಾವತಿಯ ದಂಡೆಯವರೊಬ್ಬರು ಹೀಗೆ ಬರೆದದ್ದು ನನಗೆ ಆಶ್ಚರ್ಯ. ರಾಜ್ಯಕ್ಕೆ ಬೆಳಕು ಕೂಡಿಡಲು 1964ರಲ್ಲಿ ಲಿಂಗನಮಕ್ಕಿ ಜಲಾಶಯ ತುಂಬಿತು, ಊರುಗಳು ಮುಳುಗಿದವು, ಎದ್ದುಹೋದವರ ಮೊಮ್ಮಕ್ಕಳು ಇವತ್ತಿಗೂ ಭೂಮಿಯ ಹಕ್ಕುಪತ್ರಕ್ಕೆ ಕಚೇರಿಯಿಂದ ಕಚೇರಿಗೆ ಅಲೆಯುತ್ತಿದ್ದಾರೆ. ಈಗ ತಲಕಳಲೆ ಮತ್ತು ಗೇರುಸೊಪ್ಪೆ ಜಲಾಶಯಗಳ ನಡುವೆ ನೀರನ್ನು ಮೇಲಕ್ಕೆತ್ತಿ ಮತ್ತೆ ಇಳಿಸುವ 2,000 ಮೆಗಾವಾಟ್‌ನ ಯೋಜನೆಯ ಸುತ್ತ ಜಗಳ ನಡೆದಿದೆ. ಅಂಥ ಯೋಜನೆಗಳು ವಿದ್ಯುತ್ತನ್ನು ಉತ್ಪಾದಿಸುವುದಿಲ್ಲ, ಕೂಡಿಡುತ್ತವೆ; ನೂರು ಕೊಟ್ಟರೆ ಎಪ್ಪತ್ತರಿಂದ ಎಂಬತ್ತು ವಾಪಸು ಬರುತ್ತದೆ. ಉಳಿದದ್ದು ಕಟ್ಟುವ ಬಿಚ್ಚುವ ಕೆಲಸಕ್ಕೇ ಖರ್ಚು. ನಿಮ್ಮ ಬಂಧಕರಿಗೂ ಈ ಸುಂಕ ತಪ್ಪದಿರಲಿ.

ಇನ್ನೊಂದು ಕೊಡುಗೆ ಅಲ್ಲೇ ಇದೆ. ಲಿಂಗನಮಕ್ಕಿಗಿಂತ ಮೊದಲು ಕಟ್ಟಿದ ಹಿರೇಭಾಸ್ಕರ ಅಣೆಕಟ್ಟು, ಮಡೆನೂರು ಎಂದೂ ಕರೆಯುತ್ತೀರಲ್ಲ, ಅದು ಹೊಸ ಜಲಾಶಯದ ಹೊಟ್ಟೆಯೊಳಗೆ ಮುಳುಗಿದೆ. ಬೇಸಗೆಯಲ್ಲಿ ನೀರು ತೀರ ಇಳಿದಾಗ ತಲೆ ಎತ್ತುತ್ತದೆ. ಹೊಸ ಭಂಡಾರದ ಕೆಳಗೆ ಮರೆತುಹೋದ ಹಳೆಯ ಭಂಡಾರ! ನಿಮ್ಮ ರಾಜ್ಯದ ಬಂಧಕರು ಹೊಸ ಕಟ್ಟನ್ನು ಹಾಕುವಾಗ ಕೆಳಗಿನ ಹಳೆಯ ಕಟ್ಟನ್ನು ಬಿಚ್ಚದೆ ಹಾಗೇ ಬಿಟ್ಟಿದ್ದರೆ? ಬರಗಾಲದ ವರ್ಷ ಅದು ಬಯಲಾದರೆ? ಈ ಉಪಕಥೆಗೆ ನಾನು ನಿಮ್ಮಿಂದ ರಾಯಧನ ಕೇಳುವುದಿಲ್ಲ.

ಬಿಚ್ಚುವ ವಿದ್ಯೆಯ ವಿಷಯದಲ್ಲಿ ನಮ್ಮ ಪುರಾಣಗಳು ನಮಗಿಂತ ಎಷ್ಟೋ ಮುಂದಿವೆ. ಮಹಾಭಾರತ ಯುದ್ಧದ ಕೊನೆಯಲ್ಲಿ ಅಶ್ವತ್ಥಾಮ ಮತ್ತು ಅರ್ಜುನ ಇಬ್ಬರೂ ಬ್ರಹ್ಮಶಿರೋಸ್ತ್ರವನ್ನು ಬಿಡುತ್ತಾರೆ. ಋಷಿಗಳು ನಡುವೆ ಬಂದು ಹಿಂತೆಗೆದುಕೊಳ್ಳಿ ಎನ್ನುತ್ತಾರೆ. ಅರ್ಜುನನಿಗೆ ಅದು ಬರುತ್ತದೆ, ಅಶ್ವತ್ಥಾಮನಿಗೆ ಬರುವುದಿಲ್ಲ. ಹೊರಟದ್ದು ಎಲ್ಲಾದರೂ ಬೀಳಲೇಬೇಕಾದ್ದರಿಂದ ಅವನು ಅದನ್ನು ಪಾಂಡವರ ವಂಶದ ಗರ್ಭದ ಮೇಲೆ ತಿರುಗಿಸುತ್ತಾನೆ. ಕರ್ಣನ ಶಕ್ತ್ಯಾಯುಧ ಒಂದೇ ಬಾರಿಗೆ ಎಂಬ ಷರತ್ತಿನದು. ಅರ್ಜುನನಿಗೆಂದು ಎತ್ತಿಟ್ಟದ್ದು ಘಟೋತ್ಕಚನ ಮೇಲೆ ಖರ್ಚಾಗುತ್ತದೆ. ‘ಒಮ್ಮೆ ಮಾತ್ರ’ ಎಂಬ ನಿಯಮ ಅಲ್ಲಿ ಕೃತಕವಾಗಿ ಕಾಣದಿರಲು ಕಾರಣ, ಅದನ್ನು ಪಡೆಯಲು ಅವನು ಮೈಗಂಟಿದ ಕವಚವನ್ನೇ ಸುಲಿದು ಕೊಟ್ಟಿದ್ದಾನೆ. ನಿಯಮದ ಹಿಂದೆ ರಕ್ತವಿದೆ.

ಆದರೆ ನಿಮಗೆ ಹೆಚ್ಚು ಉಪಯೋಗಕ್ಕೆ ಬರುವುದು ಔರ್ವನ ಕಥೆ. ಆದಿಪರ್ವದಲ್ಲಿದೆ, ಹೆಚ್ಚು ಜನ ಓದಿರುವುದಿಲ್ಲ. ತನ್ನ ಭೃಗುವಂಶವನ್ನು ಕೊಂದವರ ಮೇಲಿನ ಸಿಟ್ಟಿನಿಂದ ಔರ್ವ ಲೋಕಗಳನ್ನೇ ಸುಡಲು ಹೊರಡುತ್ತಾನೆ. ಪಿತೃಗಳು ಬೇಡವೆನ್ನುತ್ತಾರೆ. ಸಿಟ್ಟನ್ನು ಬಿಟ್ಟರೆ ಲೋಕ ಸುಡುತ್ತದೆ, ಇಟ್ಟುಕೊಂಡರೆ ತನ್ನನ್ನೇ ಸುಡುತ್ತದೆ, ಏನು ಮಾಡಲಿ ಎಂದು ಅವನು ಕೇಳುತ್ತಾನೆ. ಸಮುದ್ರದಲ್ಲಿಡು ಎನ್ನುತ್ತಾರೆ. ಆ ಬೆಂಕಿ ಕುದುರೆಯ ಮುಖ ತಳೆದು ಕಡಲ ನೀರನ್ನು ಕುಡಿಯುತ್ತ ಅಲ್ಲೇ ಇದೆ, ಅದೇ ವಡವಾಗ್ನಿ. ಬಿಡಲೂ ಆಗದ, ಇಟ್ಟುಕೊಳ್ಳಲೂ ಆಗದ ಶಕ್ತಿಗೆ ಮೂರನೆಯ ಜಾಗ ಹುಡುಕುವ ಕಥೆಯಿದು. ನಿಮ್ಮ ಲೋಕದಲ್ಲಿ ಸತ್ತ ಬಂಧಕನ ಹರಳುಗಳು ಏನಾಗುತ್ತವೆ? ಅವನ ಗಂಟಿನ ಪಟ್ಟು ಬೇರೆಯವರಿಗೆ ತಿಳಿಯದು, ಬಿಚ್ಚುವಂತಿಲ್ಲ. ಒಡೆಯುವ ಧೈರ್ಯ ಯಾರಿಗೂ ಇಲ್ಲ. ಅವನ್ನು ಎಲ್ಲೋ ಇಡಬೇಕು, ಯಾರೋ ಕಾಯಬೇಕು, ಕಾಯುವವರಿಗೆ ಯಾರೋ ಅನ್ನ ಹಾಕಬೇಕು. ಅಂಥ ಜಾಗದ ಪಕ್ಕದಲ್ಲಿ ಮನೆ ಕಟ್ಟುವವರು ಬಡವರೇ ಆಗಿರುತ್ತಾರೆ.

ಕರಾವಳಿಯ ದೇವಸ್ಥಾನಗಳ ಜೀರ್ಣೋದ್ಧಾರವನ್ನು ನೀವು ನೋಡಿರಬಹುದು. ಗರ್ಭಗುಡಿಯನ್ನು ಬಿಚ್ಚುವ ಮೊದಲು ತಂತ್ರಿಗಳು ಬಿಂಬದ ಚೈತನ್ಯವನ್ನು ಕಲಶಕ್ಕೆ ಇಳಿಸಿಕೊಂಡು, ಬಾಲಾಲಯ ಎಂಬ ತಾತ್ಕಾಲಿಕ ಗುಡಿಯಲ್ಲಿ ಪೂಜೆ ಮುಂದುವರಿಸುತ್ತಾರೆ. ಕೆಲಸ ಮುಗಿದ ಮೇಲೆ ಬಿಂಬವನ್ನು ಪೀಠಕ್ಕೆ ಅಷ್ಟಬಂಧ ಎಂಬ ಅಂಟಿನಿಂದ ಬೆಸೆದು, ಚೈತನ್ಯವನ್ನು ಮರಳಿ ತುಂಬಿ ಬ್ರಹ್ಮಕಲಶ ನಡೆಸುತ್ತಾರೆ. ಹನ್ನೆರಡು ವರ್ಷಕ್ಕೊಮ್ಮೆ ಮತ್ತೆ ಆಗಬೇಕು ಎಂಬುದು ವಾಡಿಕೆ. ಪಾತ್ರೆ ಬದಲಾಯಿಸುವಾಗಿನ ಎಚ್ಚರ, ನಡುವಿನ ತಂಗುದಾಣ, ಅವಧಿ ತೀರಿದಾಗ ಮತ್ತೆ ಬೆಸೆಯುವ ಹೊಣೆ, ಈ ಮೂರನ್ನೂ ಅಲ್ಲಿ ಕಲಿಯಬಹುದು. ಕಲಿಯಿರಿ, ಆದರೆ ಹೆಸರುಗಳನ್ನೂ ಮಂತ್ರಗಳನ್ನೂ ಕಿತ್ತು ತಂದು ಖಳನಾಯಕನ ಬಾಯಿಗೆ ಹಾಕಬೇಡಿ. ದೈವಗಳ ವಿಷಯದಲ್ಲಂತೂ ಇನ್ನೂ ಹೆಚ್ಚು ಎಚ್ಚರ ಬೇಕು. ಜನ ಇವತ್ತು ಬೆಳಗ್ಗೆ ಕೈಮುಗಿದು ಬಂದದ್ದು ನಿಮ್ಮ ಕಥೆಯ ಬಿಡಿಭಾಗವಲ್ಲ. ಚೌಕಟ್ಟನ್ನು ಮಾತ್ರ ಎರವಲು ಪಡೆದರೆ ಕಾದಂಬರಿಗೂ ಒಳ್ಳೆಯದು.

ಏಳು ಸಮುದ್ರದಾಚೆಯ ಗಿಳಿಯಲ್ಲಿ ಪ್ರಾಣ ಬಚ್ಚಿಟ್ಟ ರಾಕ್ಷಸನನ್ನೂ ಒಮ್ಮೆ ನೆನೆಯಿರಿ. ಅವನ ಭದ್ರತೆಯಲ್ಲಿ ಎಲ್ಲವೂ ಸರಿಯಿತ್ತು, ಗುಟ್ಟನ್ನು ರಾಜಕುಮಾರಿಗೆ ತಾನೇ ಬಾಯಿಬಿಟ್ಟು ಹೇಳಿದ್ದೊಂದನ್ನು ಬಿಟ್ಟು.

ಈಗ ನಿಯಮಗಳನ್ನು ಎಷ್ಟು ಹೇಳಬೇಕು ಎಂಬ ಪ್ರಶ್ನೆ. ನಿಮ್ಮ ಮೂರನೆಯ ಅಧ್ಯಾಯದಲ್ಲಿ ಗುರು ಶಿಷ್ಯನಿಗೆ ಪಾಠ ಹೇಳುತ್ತಾನೆ ಎಂದು ಊಹಿಸುತ್ತೇನೆ. ಇಂಥ ಹಸ್ತಪ್ರತಿಗಳಲ್ಲಿ ಅದು ಇದ್ದೇ ಇರುತ್ತದೆ. ತೆಗೆದುಹಾಕಿ. ಕಟ್ಟು ಸರಿಯಾಗಿ ಕೆಲಸ ಮಾಡಿದ್ದನ್ನು ತೋರಿಸುವ ಮೊದಲು ಕೆಟ್ಟದ್ದನ್ನು ತೋರಿಸಿ. ಕೆಟ್ಟ ಯಂತ್ರದಿಂದ ಯಂತ್ರ ಬೇಗ ಅರ್ಥವಾಗುತ್ತದೆ. ಹೀಗೆ:

‘ಅಟ್ಟದ ಏಣಿ ಹತ್ತುವಾಗಲೇ ಮಂಜಿಗೆ ಹೇಂಟೆಯ ಗೊಣಗು ಕೇಳಿಸಿತು. ಬುಟ್ಟಿಯಲ್ಲಿ ಏಳು ಮೊಟ್ಟೆಗಳು ತಣ್ಣಗೆ ಬಿದ್ದಿದ್ದವು. ಹೇಂಟೆ, ಅಜ್ಜಯ್ಯ ಭತ್ತದ ಕಣಜದ ಹಿಂದೆ ಇಟ್ಟಿದ್ದ ಗೋಣಿಚೀಲದ ಮೇಲೆ ರೆಕ್ಕೆ ಹರಡಿ ಕೂತಿತ್ತು. ಎಬ್ಬಿಸಹೋದರೆ ಕುಕ್ಕಿತು.

“ಅಜ್ಜಯ್ಯ, ಇದು ಎಂದಿನಿಂದ ಇಲ್ಲಿ ಕೂರುತ್ತಿದೆ?”

ಅಜ್ಜಯ್ಯ ಮಾತಾಡಲಿಲ್ಲ. ಏಣಿಯ ಬುಡದಲ್ಲಿ ನಿಂತು ಬಲಗೈಯ ಬೆರಳುಗಳನ್ನು ಒಂದೊಂದಾಗಿ ಮಡಚಿ ನೋಡಿಕೊಂಡರು. ಕಿರುಬೆರಳು ಮಡಚಲಿಲ್ಲ.

“ನಾಳೆ ಸಂತೆಗೆ ಆ ಕೋಳಿಯನ್ನು ಕೊಟ್ಟುಬಿಡು” ಎಂದರು.’

ಗಂಟು ಸಡಿಲವಾಗಿದೆ, ಮುದುಕನ ಕೈಯಲ್ಲಿ ಇನ್ನು ಬಿಗಿಯಲಾಗದು, ಅದು ಹೊರಗೆ ಗೊತ್ತಾಗಬಾರದು. ಇಷ್ಟನ್ನೂ ಓದುಗ ತಾನೇ ಕಟ್ಟಿಕೊಳ್ಳುತ್ತಾನೆ. ಕಾವು ಎಂದರೇನು ಎಂದು ಆ ತುಣುಕಿನಲ್ಲಿ ಯಾರೂ ಯಾರಿಗೂ ವಿವರಿಸಿಲ್ಲ.

ಪದಕೋಶ ಬೇಡ. ಹತ್ತು ಹೊಸ ಪದಗಳಿಗಿಂತ ಹೆಚ್ಚಿದ್ದರೆ ಪದಗಳನ್ನೇ ಕಡಿಮೆ ಮಾಡಿ. ಅದರ ಬದಲು ನಿಮ್ಮ ಮೇಜಿನ ಮೇಲೆ ಒಂದು ಲೆಕ್ಕದ ಪುಸ್ತಕವಿರಲಿ: ಯಾವ ಅಧ್ಯಾಯದಲ್ಲಿ ಯಾರ ಬಳಿ ಎಷ್ಟು ಹರಳು, ಕೊನೆಯ ಬಾರಿ ಗಂಟು ಬಿಗಿದದ್ದು ಯಾವಾಗ, ಆಗ ಮಳೆಯಿತ್ತೇ ಬಿಸಿಲಿತ್ತೇ. ಓದುಗರಿಗೆ ಅದನ್ನು ತೋರಿಸಬೇಕಾಗಿಲ್ಲ, ಆದರೆ ಎಂಟನೆಯ ಅಧ್ಯಾಯದಲ್ಲಿ ಖಾಲಿಯಾದ ಹರಳು ಹದಿಮೂರರಲ್ಲಿ ಉರಿದರೆ ಹಿಡಿಯುವವರು ಅವರೇ.